ದುರ್ಗವ್ವನ ನಗು ಕತ್ತರಿಸಿದ ಅಲಗು

ನಾನೊಂದು ಸ್ಪ್ಲೈಸರ್. ಸಿನಿಮಾ ರೀಲನ್ನು ಕತ್ತರಿಸಿ, ಟೇಪು ಹಚ್ಚಿ ಜೋಡಿಸುವ ಪುಟ್ಟ ಯಂತ್ರ. ಮದರಾಸಿನ ಲೇತ್ ಅಂಗಡಿಯೊಂದರಲ್ಲಿ ಹುಟ್ಟಿದೆ. ಬಾಯಿಗೆ ಅಲಗು ಕೂರಿಸಿದರು. ‘ಒಲ್ಲೆ’ ಎನ್ನುವ ನಾಲಿಗೆ ಮಾತ್ರ ಕೊಡಲಿಲ್ಲ.

ನನ್ನನ್ನು ಕೊಂಡವನು ಕೊಳ್ಳೇಗಾಲದ ಕಡೆಯ ಸಿದ್ದಮಾದು. ಹೊಡೆದಾಟದ ಚಿತ್ರಗಳಲ್ಲಿ ಸಹಾಯಕನಾಗಿ ಸವೆದು, ಕಡೆಗೊಂದು ಕಲಾತ್ಮಕ ಚಿತ್ರಕ್ಕೆ ಸಂಕಲನಕಾರನಾದ. ನಿರ್ದೇಶಕ ರಂಗಪ್ರಸಾದರು ರಾಯಚೂರು ಸೀಮೆಯ ಕಲ್ಲುಕ್ವಾರಿಯಲ್ಲಿ ಅಲ್ಲಿನ ಕೂಲಿಗಳನ್ನೇ ಹಾಕಿ ತೆಗೆದ ಚಿತ್ರ ಅದು. ಒಂದು ತುಂಡಿನಲ್ಲಿ ಕಲ್ಲೊಡೆಯುವ ದುರ್ಗವ್ವ ಸುತ್ತಿಗೆ ಕೆಳಗಿಟ್ಟು, ನೇರವಾಗಿ ಕ್ಯಾಮೆರಾ ನೋಡಿ, ಬಾಯ್ತುಂಬ ನಕ್ಕಿದ್ದಳು. ಅವಳ ಮುಖ ಕಾಣುತ್ತಿದ್ದುದು ಅದೊಂದರಲ್ಲೇ.

“ಸಾರ್, ಇದೊಂದು ಇರ್ಲಿ. ಉಸುರಾಡ್ತಾ ಅದೆ,” ಎಂದ ಮಾದು.

“ಕ್ಯಾಮೆರಾ ನೋಡಿದಾಳಲ್ರೀ! ಬಡವರು ಹಿಂಗೆಲ್ಲ ನಗ್ತಾರೇನ್ರೀ? ತೆಗೀರಿ,” ಎಂದರು ನಿರ್ದೇಶಕರು.

ಮಾದು ತನ್ನ ಬಾಯಿ ಮುಚ್ಚಿಕೊಂಡ, ನನ್ನ ಬಾಯಿ ತೆರೆದ. ಕಚಕ್.

ಬೇಡದ ತುಂಡುಗಳೆಲ್ಲ ಬೆಳ್ಳಿ ತೆಗೆಯುವವರ ಪಾಲು. ತೊಳೆದರೆ ಫಿಲ್ಮಿನಿಂದ ಬೆಳ್ಳಿ ಬರುತ್ತದೆ, ಮುಖ ಹೋಗುತ್ತದೆ. ದುರ್ಗವ್ವನ ನಗುವಿನ ನೆಗೆಟಿವೂ ಅದೇ ದಾರಿ ಹಿಡಿಯಿತು. ‘ನಿಜವಾದ ಬಡವರ ಚಿತ್ರ’ ಎಂದು ದೊಡ್ಡವರು ಚಪ್ಪಾಳೆ ತಟ್ಟಿದರು. ಥೂ! ಮಾದುವಿಗೆ ಕೈತುಂಬ ಕೆಲಸ ಸಿಕ್ಕಿತು.

ವರ್ಷಗಳ ಮೇಲೆ ಒಬ್ಬ ಹೆಣ್ಣುಮಗಳು ನಮ್ಮ ಕೋಣೆಯ ಬಾಗಿಲಿಗೆ ಬಂದಳು. ಹನುಮವ್ವ, ದುರ್ಗವ್ವನ ಮಗಳು.

“ನಾ ಕೂಸಿದ್ದಾಗನ ನಮ್ಮವ್ವ ಸತ್ಲು, ಕಾಕಾ. ಫೋಟೋ ಒಂದೂ ಇಲ್ಲ. ನಿಮ್ಮ ಸಿನಿಮಾ ನೋಡಿದ್ನಿ. ಕೈ ಅದಾವ, ಬೆನ್ನೈತಿ. ಮುಖಾ ಎಲ್ಲೈತ್ರಿ?”

ನಿರ್ದೇಶಕರ ಹೆಸರು ಹೇಳಿ ಮಾದು ಜಾರಿಕೊಳ್ಳಬಹುದಿತ್ತು.

“ನಾನೇ ಕತ್ರುಸ್ದೆ ಕಣವ್ವ. ಈಗ ಎಲ್ಲೂ ಇಲ್ಲ,” ಎಂದ. “ನಕ್ಕುದ್ರೆ ಕಣ್ಣು ಮುಚ್ಚೋಗವು. ಮುಂದ್ಲ ಹಲ್ಲು ಒಂಚೂರು ಮುರ್ದಿತ್ತು. ಕೆನ್ನೆ ಮ್ಯಾಲೆ ಕಲ್ಲಿನ ಧೂಳು...”

ಅವಳು ಉಸಿರು ಬಿಗಿಹಿಡಿದು ಕೇಳಿದಳು. ಕಡೆಗೆ ಮೆಲ್ಲಗೆ ಅಂದಳು: “ಅಷ್ಟು ಚಂದ ನಕ್ಕಾಕಿನ್ನ ಯಾಕ ತಗದ್ರಿ?”

ಮಾದು ಮೇಜಿನ ಮೇಲೆ ತೆರೆದಿದ್ದ ನನ್ನ ಬಾಯಿ ಮುಚ್ಚಿದ.

ಅಂದೇ ಅವನು ಕೆಲಸ ಬಿಟ್ಟ ಎಂದರೆ ನಿಮಗೆ ಸಮಾಧಾನವಾದೀತು. ಬಿಡಲಿಲ್ಲ. ಹೊಟ್ಟೆಪಾಡು. ಆದರೆ ತುಂಡಿನಲ್ಲಿ ಯಾರದಾದರೂ ಮುಖವಿದ್ದರೆ ಅವನ ಕೈ ಒಂದು ಗಳಿಗೆ ನಿಲ್ಲುತ್ತಿತ್ತು. ಆಮೇಲೆ ಒತ್ತುತ್ತಿದ್ದ. ನಾನೂ ಕಚ್ಚುತ್ತಿದ್ದೆ.

ಮಾದು ತೀರಿಹೋದ. ನಾನೀಗ ಸಿನಿಮಾ ಕಲಿಸುವ ಶಾಲೆಯೊಂದರ ಗಾಜಿನ ಪೆಟ್ಟಿಗೆಯಲ್ಲಿದ್ದೇನೆ. ‘ಶ್ರೇಷ್ಠ ಚಿತ್ರಗಳನ್ನು ಕಟ್ಟಿದ ಯಂತ್ರ’ ಎಂದು ಚೀಟಿ ಅಂಟಿಸಿದ್ದಾರೆ. ಕಟ್ಟಿದ್ದಂತೆ! ಅಲಗಿಗೆ ತುಕ್ಕು ಹತ್ತುತ್ತಿದೆ. ಹತ್ತಲಿ. ದಯವಿಟ್ಟು ಯಾರೂ ಒರೆಸಬೇಡಿ.