ಅಂಟು ಒರೆಸಿದ ಕಂಬ

ನಾನು ಒಂದು ಅಂಚೆ ಕಚೇರಿ. ಬ್ರಿಟಿಷರು ನನ್ನನ್ನು ಕಟ್ಟಿಸಿ ನೂರಿಪ್ಪತ್ತು ವರ್ಷ ದಾಟಿತು. ಕರಿಕಲ್ಲಿನ ಗೋಡೆ, ಎತ್ತರದ ಕಮಾನು, ಮಂಗಳೂರು ಹೆಂಚು, ಮುಂದೆ ನಾಲ್ಕು ಕಂಬಗಳ ಪಡಸಾಲೆ. ನೋಡಲು ಲಕ್ಷಣವಾಗಿಯೇ ಇದ್ದೇನೆ. ನನ್ನ ನಕ್ಷೆ ಬರೆದ ದೊರೆ ಮಾತ್ರ ಈ ಊರಿಗೆ ಕಾಲಿಟ್ಟವನಲ್ಲ. ಬೆಂಕಿಯಂಥ ಬಿಸಿಲಿನ ಬಯಲುಸೀಮೆಯಲ್ಲಿ ಚಳಿ ಕಾಯಿಸಿಕೊಳ್ಳಲು ಒಲೆ, ಅದಕ್ಕೊಂದು ಹೊಗೆಗೂಡು ಇಡಿಸಿದ. ಇವತ್ತಿನವರೆಗೂ ಅಲ್ಲಿ ಪಾರಿವಾಳ ಬಿಟ್ಟರೆ ಯಾರೂ ಬೆಚ್ಚಗಾಗಿಲ್ಲ.

ಅದನ್ನಾದರೂ ಸಹಿಸಿದೆ. ಅಂಟನ್ನು ಹೇಗೆ ಸಹಿಸಲಿ? ಎಡಗಡೆಯ ಕಂಬದ ಪಕ್ಕ ಅಂಟಿನ ಡಬ್ಬಿ ಇಟ್ಟರು. ಕೈ ಒರೆಸಲು ಒಂದು ಬಟ್ಟೆ ಇಡಬೇಕೆಂದು ಯಾವ ಪೋಸ್ಟ್‌ಮಾಸ್ತರರಿಗೂ ಹೊಳೆಯಲಿಲ್ಲ. ಬಂದವರೆಲ್ಲ ಲಕೋಟೆ ಅಂಟಿಸುವುದು, ಬೆರಳನ್ನು ನನ್ನ ಕಂಬಕ್ಕೆ ಒರೆಸುವುದು. ವಕೀಲರು, ಮದುವೆಯ ಕರೆಯೋಲೆ ಕಳಿಸಲು ಬಂದವರು, ರೇಷ್ಮೆ ಸೀರೆಯ ಹೆಂಗಸರು, ಎಲ್ಲರೂ. ಸೀರೆಗೆ ಒರೆಸಿಕೊಂಡರೆ ಕಲೆಯಾಗುತ್ತದಲ್ಲ. ಅಂಟಿನ ಮೇಲೆ ಧೂಳು, ಧೂಳಿನ ಮೇಲೆ ಅಂಟು ಕೂತು ಕಂಬ ಕಜ್ಜಿ ಹಿಡಿದಂತಾಯಿತು.

ಹೋದ ವರ್ಷ ಒಬ್ಬ ಎಂಜಿನಿಯರ್ ಬಂದ. ಕಂಬವನ್ನು ಪೆನ್ನಿನಿಂದ ಕುಕ್ಕಿದ. ಹಕ್ಕಳೆ ಉದುರಿತು.

"ಕಲ್ಲು ಕೊಳತೈತ್ರಿ. ಭಾರ ತಡಿಯಂಗಿಲ್ಲ. ಕಟ್ಟಡ ಕೆಡವೂದ ಛಲೋ," ಎಂದು ಈಗಿನ ಪೋಸ್ಟ್‌ಮಾಸ್ತರರಾದ ನೀಲಗಂಗಮ್ಮನಿಗೆ ಹೇಳಿ, ವರದಿ ಬರೆಯಲು ಕುಳಿತ. ನೂರಿಪ್ಪತ್ತು ವರ್ಷ ನಿಂತ ನನಗೆ ಪೆನ್ನಿನ ತುದಿಯಲ್ಲಿ ಮರಣದಂಡನೆ. ಸಿಟ್ಟಿಗಿಂತ ಹೆಚ್ಚಾಗಿ ಹೆದರಿಕೆಯಾಯಿತು.

ಅದೇ ಹೊತ್ತಿಗೆ ಮೌಲಾಸಾಬ ಬಂದದ್ದು ನನ್ನ ಪುಣ್ಯ. ಮೂವತ್ತು ವರ್ಷ ಇಲ್ಲೇ ಅಂಟು ಕುದಿಸಿ ಡಬ್ಬಿ ತುಂಬಿಸಿದವನು. ತಾನಿನ್ನೂ ಬದುಕಿದ್ದೇನೆ ಎಂಬ ಪಿಂಚಣಿಯ ಕಾಗದಕ್ಕೆ ಸಹಿ ಹಾಕಲು ಬಂದಿದ್ದ.

"ಸಾಹೇಬ್ರ, ಅದು ಕಲ್ಲಲ್ರಿ, ಅಂಟು. ನಾನ ಕುದಿಸಿದ್ದು," ಎಂದ. ನೀಲಗಂಗಮ್ಮನತ್ತ ತಿರುಗಿ, "ಅಕ್ಕಾರ, ಒಂದ್ ಕೊಡ ಬಿಸಿನೀರ ಕೊಡಸ್ರಿ," ಎಂದ.

ನೀರು ಸುರಿದು ಅಂಗೈಯಿಂದಲೇ ತಿಕ್ಕಿದ. ಒಂದು ಗಂಟೆ ತಿಕ್ಕಿದ. ಅಂಟು ಕರಗಿ ಕಲ್ಲು ಹೊರಬಂತು. ಉಳಿಯ ಗೆರೆಗಳು ಕೂಡ ಮಾಸಿರಲಿಲ್ಲ. ಎಂಜಿನಿಯರ್ ಬರೆದದ್ದನ್ನು ಹರಿದು ಹಾಕಿದ.

ಈಗ ನಾನು ಪಾರಂಪರಿಕ ಕಟ್ಟಡ. ಕಂಬಗಳಿಗೆ ಹಗ್ಗ ಬಿಗಿದು, ಕಾವಲಿಗೆ ಒಬ್ಬನನ್ನು ನಿಲ್ಲಿಸಿದ್ದಾರೆ. ಈ ವರ್ಷವೂ ಮೌಲಾಸಾಬ ಸಹಿ ಹಾಕಲು ಬಂದ. ಮೆಟ್ಟಿಲು ಹತ್ತಿ ದಣಿದು, ಕಂಬಕ್ಕೆ ಕೈ ಊರಿ ನಿಂತ.

"ಏ ಅಜ್ಜಾ, ಕೈ ತಗಿ. ಹೊಲಸ ಆಗ್ತೈತಿ," ಎಂದ ಕಾವಲಿನವನು.

"ಆತಪಾ," ಎಂದು ಮೌಲಾಸಾಬ ಕೈ ತೆಗೆದ. ನನಗೆ ಮೈಯೆಲ್ಲ ಉರಿಯಿತು. ಆ ಕೈ ಇಲ್ಲದಿದ್ದರೆ ಇವರಿಗೆ ಹಗ್ಗ ಕಟ್ಟಲು ಕಂಬವೇ ಇರುತ್ತಿರಲಿಲ್ಲ.