ಅರ್ಧ ಹೆಜ್ಜೆ ಮುಂದೆ

ಮೊಬೈಲಿನ ಗಾಜಿನ ಮೇಲೆ ನೊಣ, ಚಿತ್ರ ಇನ್ನೂ ಬಂದಿಲ್ಲ, ನಡುವೆ ಬಿಳಿ ಚಕ್ರ ಸುಮ್ಮನೆ ತಿರುಗುತ್ತಿದೆ, ನೊಣಕ್ಕೂ ಬೇಸರವಾಗಿ ಎದ್ದು ಹೋಯಿತು, ನನಗೆ ಏಳುವ ಕಸುವೂ ಇಲ್ಲ — ತಡೀರಿ ದಾದಾ, ನೆಟ್‌ವರ್ಕ್ ಇಲ್ಲ, ಬರ್ತೈತಿ ಅನ್ನುತ್ತಾಳೆ ಮೊಮ್ಮಗಳು ತಬಸುಮ್, ತಡೆಯುವುದೇನು ಹೊಸದೇ ನನಗೆ, ಕಂಪನಿ ನಾಟಕದಲ್ಲಿ ಇಡೀ ರಾತ್ರಿ ಪರದೆಯ ಹಿಂದೆ ಕಾದವನು ನಾನು, ಒಂದೇ ಮಾತಿಗಾಗಿ, ಚಾ ತಂದೀನ್ರಿ ಧಣ್ಯಾರ. ಇದೇ ಹುಡುಗಿ ಮೊನ್ನೆ ಫ್ರಾನ್ಸ್ ದೇಶದ ಒಂದು ಮೂಕಿ ಸಿನಿಮಾ ತೋರಿಸಿದಳು, ನೂರು ವರ್ಷದ ಹಿಂದಿನದಂತೆ, ದಾದಾ, ನಿಮ್ಮಂಗ ಟ್ರೇ ಹಿಡದಾನ ನೋಡ್ರಿ ಇಂವಾ, ನೋಡಿದೆ, ಹೀರೋನನ್ನು ಬಿಟ್ಟು ಅವನನ್ನೇ ನೋಡಿದೆ, ಸಣಕಲ ಮನುಷ್ಯ, ಹೆಸರೇನಂತ ಬೇಟಾ, ಹೆಸರು ಹಾಕಿಲ್ಲ ದಾದಾ, ಎಲ್ಲಿ ಹಾಕುತ್ತಾರೆ, ನಮ್ಮಂಥವರ ಹೆಸರು ಯಾವ ದೇಶದಲ್ಲೂ ಹಾಕುವುದಿಲ್ಲ, ಆದರೆ ಆ ಪುಣ್ಯಾತ್ಮ ಟ್ರೇ ಇಟ್ಟವನೇ ಗೋಡೆಗೆ ಸರಿದು ನಿಂತ, ಹಿಂದೆ ಕೂತಿದ್ದ ಹೂ ಮಾರುವ ಹುಡುಗಿ ಪೂರ್ತಿ ಕಂಡಳು, ನಗುತ್ತಿದ್ದಳು. ಸರಿಯುವುದನ್ನು ನಮಗೆ ಯಾರು ಕಲಿಸಿದರು, ಕಂಪನಿಯ ಮಾಸ್ತರು ಹೇಳಿದ್ದೇ ಬೇರೆ, ಸಣ್ಣ ಪಾತ್ರದಂವಾ ಅರ್ಧ ಹೆಜ್ಜಿ ಮುಂದ ಬರಬೇಕಲೇ ಹಾರೂನ್, ಬೆಳಕಿನಾಗ ಬಾ, ಇಲ್ಲಂದ್ರ ನೀ ಇದ್ದದ್ದ ಗೊತ್ತಾಗೂದಿಲ್ಲ.

ಇವತ್ತು ನನ್ನ ಚಿತ್ರ. ಮಾಡಿದ್ದು ಒಂದೇ ಸಿನಿಮಾ, ಯಮನೂರಿನ ಚಹಾದಂಗಡಿಯಲ್ಲಿ ಶೂಟಿಂಗ್, ಹುಬ್ಬಳ್ಳಿಯಲ್ಲಿ ಒಂದು ವಾರವೂ ಓಡಲಿಲ್ಲ, ನಾನೂ ನೋಡಲಿಲ್ಲ, ಎಲ್ಲಿತ್ತೋ ಏನೋ ತಬಸುಮ್ ಹುಡುಕಿದ್ದಾಳೆ — ನನ್ನನ್ನು ನೋಡಿಕೊಳ್ಳಲಿಕ್ಕಲ್ಲ, ನನ್ನ ಮುಖ ಯಾರಿಗೆ ಬೇಕು, ಅದರಲ್ಲಿ ರಜಿಯಾಬಿ ಇದ್ದಾಳೆ, ನನ್ನ ಹೆಂಡತಿ, ಹೋದ ರಮಜಾನಿನಲ್ಲಿ ಮಣ್ಣು ಕೊಟ್ಟೆವು, ಹರೆಯದ ಒಂದು ಫೋಟೋ ಇಲ್ಲ, ಆಧಾರ ಕಾರ್ಡಿನಲ್ಲಿರುವುದು ಯಾವುದೋ ಹೆದರಿದ ಮುದುಕಿ, ಆ ಮುದುಕಿಯೇ ಈಗ ಕನಸಿಗೂ ಬರುತ್ತಾಳೆ, ಮೊದಲಿನ ಮುಖ ಮರೆತೇ ಹೋಗುತ್ತಿದೆ, ಹೆದರಿಕೆಯಾಗುತ್ತದೆ ನನಗೆ. ಅವತ್ತು ಬುತ್ತಿ ತಂದಿದ್ದಳು, ಆ ಅಮ್ಮನ್ನ ಅಲ್ಲೇ ನಿಲ್ಸಿ ಅಂದ ಬೆಂಗಳೂರಿನ ಡೈರೆಕ್ಟರ್, ಕಂಬದ ಹತ್ತಿರ ನಿಂತಳು, ಹಸಿರು ಬಳೆಯ ಕೈಯಲ್ಲಿ ಬುತ್ತಿಗಂಟು, ನಾನು ಅವಳಿಗೆ ಬೆನ್ನು ಮಾಡಿದ್ದೆ, ಆಮೇಲೆ ಜೊತೆಯ ನಟ ಗೂಳಪ್ಪ ಹೇಳಿದ, ವೈನಿ ಹೆಂಗ ನಕ್ರಲೇ, ಅಗದಿ ಹೀರೋಯಿನ್ ಆದ್ರು. ಆ ನಗುವನ್ನು ಎಲ್ಲರೂ ನೋಡಿದರು, ನಾನೊಬ್ಬನೇ ನೋಡಲಿಲ್ಲ.

ಬಂತು ದಾದಾ, ಬಂತು — ಚಹಾದಂಗಡಿ, ಒಲೆಯ ಹೊಗೆ, ಬೆಂಚು, ಕಂಬ, ಕಂಬದ ಹತ್ತಿರ ಹಸಿರು ಬಳೆ, ಅವಳೇ, ತಲೆಯ ಮೇಲಿನ ಸೆರಗು ಜಾರುತ್ತಿದೆ, ಮುಖ ಎತ್ತುತ್ತಿದ್ದಾಳೆ, ಎತ್ತು ರಜಿಯಾ, ಎತ್ತು — ಟ್ರೇ ಬಂತು, ಟ್ರೇಯ ಹಿಂದೆ ನಾನು, ಕಪ್ಪು ಮೀಸೆ, ಧಣಿಯ ಮುಂದೆ ಚಹಾ ಇಟ್ಟೆ, ಇನ್ನು ಸರಿ, ಸರಿಯೋ ಮಾರಾಯ, ಆ ಫ್ರಾನ್ಸಿನವನು ಸರಿದ ಹಾಗೆ ಸರಿ, ಇಲ್ಲ, ಮಾಸ್ತರ ಶಿಷ್ಯ ಅರ್ಧ ಹೆಜ್ಜೆ ಮುಂದೆ ಬಂದ, ಕ್ಯಾಮೆರಾಕ್ಕೆ ಮುಖ ಕೊಟ್ಟ. ದಾದಾ, ಎಷ್ಟ ಚಂದ ಕಾಣ್ತೀರಿ, ಇಲ್ಲೇ ನಿಲ್ಲಸ್ಲೇನ್ರಿ. ಹಿಂದ ಹೋಗು ಬೇಟಾ. ಮತ್ತೆ ಬಳೆ, ಮತ್ತೆ ಸೆರಗು, ಮತ್ತೆ ನಾನು. ಇನ್ನೊಮ್ಮಿ ಬೇಟಾ. ಕಣ್ಣು ಉರಿಯುತ್ತಿದೆ, ಸರಿಯೋ ಹಾರೂನ್, ಒಂದು ಸಲ ಸರಿಯೋ — ಕಂಬ, ಬುತ್ತಿಗಂಟು, ಹಸಿರು ಬಳೆಯ ಕೈ, ಅದರ ಮೇಲೆ ನನ್ನ ಮುಖ.