ಹಿಮ್ಮೇಳಕ್ಕೆ ಬಿಟ್ಟ ಜಾಗ

ವಿಜಯಪುರದ ಜೋರಾಪುರ ಪೇಟೆಯ ಮಾಳಿಗೆ ಕೋಣೆಯಲ್ಲಿ ವಿದ್ಯಾವತಿ ಸಿನಿಮಾ ಎಡಿಟ್ ಮಾಡಲು ಕೂತು ಇಪ್ಪತ್ತು ವರ್ಷವಾಯಿತು. ಯಾರೋ ತೆಗೆದ ಚಿತ್ರವನ್ನು ಕತ್ತರಿಸಿ ಜೋಡಿಸುವುದೇ ಆಕೆಯ ಕಾಯಕ. ಬಬಲೇಶ್ವರದಲ್ಲಿರುವ ತಾಯಿ ರಾಚವ್ವ ಇಂದಿಗೂ ಕೇಳುವುದುಂಟು: “ಪಿಚ್ಚರದಾಗ ನಿನ್ನ ಹೆಸರು ಯಾವಾಗ ಬರ್ತೈತಿ ಬೇ?”

“ಜನಾ ಎದ್ದು ಚಪ್ಪಲಿ ಹುಡುಕೂ ಹೊತ್ತಿಗೆ ಬರ್ತೈತೆವ್ವಾ.”

ಈ ಸಲ ಕೈಗೆ ಬಂದದ್ದು ತಿಕೋಟಾದ ಕುರಿಗಾರರ ಡೊಳ್ಳಿನ ಪದಗಳ ಚಿತ್ರ. ಮುಂದೆ ನಿಂತವನು ಒಂದು ಸಾಲು ಹೇಳಿದರೆ ಹಿಮ್ಮೇಳದವರು ಅದನ್ನೇ ಎತ್ತಿ ಹಾಡುವುದು ಆ ಪದಗಳ ಪದ್ಧತಿ. ಮುಂದೆ ನಿಂತು ಹಾಡಿದವನು ಮುದುಕ ಅಮೋಘಿ. ಹಾಡಿದ ಮರುತಿಂಗಳೇ ಗಂಟಲಿನ ಆಪರೇಷನ್ ಆಗಿ ಅವನ ದನಿ ಹೋಯಿತು. ಇನ್ನು ಅವನ ಪದವೆಂದರೆ ವಿದ್ಯಾವತಿಯ ಕಂಪ್ಯೂಟರಿನಲ್ಲಿ ಉಳಿದದ್ದಷ್ಟೇ. ಅವನ ಕಂಬಳಿಗೆ ಸಿಕ್ಕಿಸಿದ ಮೈಕಿನಲ್ಲಿ ಸಾಲುಗಳು ಚೊಕ್ಕವಾಗಿ ಬಂದಿದ್ದವು. ಹಿಮ್ಮೇಳದ ಮೈಕಿಗೆ ಮಾತ್ರ ಗಾಳಿ ಹೊಕ್ಕು ಬರೀ ಭೋರೆಂಬ ಸದ್ದು.

ಹಿಮ್ಮೇಳದವರನ್ನು ವಿಜಯಪುರಕ್ಕೆ ಕರೆಸಿ, ಹೆಡ್‌ಫೋನ್ ಹಾಕಿ ಮತ್ತೆ ಹಾಡಿಸಿ ನೋಡಿದರು. ಅಮೋಘಿಯ ಸಾಲಿಗೆ ಅವರ ದನಿ ಹೊಂದಲೇ ಇಲ್ಲ. ಅವರಲ್ಲಿ ಹಿರಿಯನಾದ ಮಾಳು ಹೆಡ್‌ಫೋನ್ ತೆಗೆದಿಟ್ಟ.

“ಇದು ಆಗೂದಲ್ರಿ ಅಕ್ಕಾರ. ಅಮೋಘಿ ಮಾಮಾನ ಮಾರಿ ನೋಡ್ಕೋತ ಹಾಡಾವ್ರು ನಾವು. ಗ್ವಾಡಿ ನೋಡ್ಕೋತ ಹಾಡಂದ್ರ ಪದ ಹೆಂಗ ಬಂದೀತು?”

ನಿರ್ದೇಶಕ ಸತೀಶಕುಮಾರ ಸೋತು ಹೇಳಿದ: “ಪದಾನ ತಗದಬಿಡ್ರಿ ಮೇಡಂ. ನಡುನಡುವ ತೂತು ಬಿದ್ದಾವ. ಮಂದಿ ನಗ್ತಾರ.”

ವಿದ್ಯಾವತಿಗೆ ಮಾಳುವಿನ ಮಾತೇ ಕಿವಿಯಲ್ಲಿತ್ತು. ದೇವರ ಜಗಲಿಗೆ ದೀಪ ಹಚ್ಚಿ ಬಂದು ಮತ್ತೆ ಕೂತಳು. ಹಿಮ್ಮೇಳ ಹಾಡುವ ಹೊತ್ತಿನಲ್ಲೂ ಕ್ಯಾಮೆರಾ ಅಮೋಘಿಯ ಮೇಲೇ ಇದ್ದ ತುಣುಕುಗಳನ್ನು ಹುಡುಕಿದಳು. ಸಾಲು ಮುಗಿಸಿ, ಗಲ್ಲ ತುಸು ಎತ್ತಿ, ಎದುರಿನವರನ್ನು ನೋಡುತ್ತ ಅವನು ಕಾಯುತ್ತಿದ್ದ. ಭಿಕ್ಷೆ ಬಂದೇ ಬರುತ್ತದೆಂದು ನಂಬಿ ಅಂಗಳದಲ್ಲಿ ನಿಂತ ಜಂಗಮನ ಹಾಗೆ. ಗಾಳಿಯನ್ನೆಲ್ಲ ಅಳಿಸಿ, ಅಲ್ಲಿ ಆ ಮುಖವನ್ನಷ್ಟೇ ಇಟ್ಟಳು.

“ಬಾಯಿ ಮುಚ್ಕೊಂಡ ಮಾರಿ ಯಾರು ನೋಡ್ತಾರ್ರಿ?” ಸತೀಶಕುಮಾರ ಗಾಬರಿಯಾದ.

“ತಿಕೋಟಾದಾಗ ಒಮ್ಮೆ ತೋರಸೂಣು. ಅಲ್ಲಿ ನಕ್ರ, ಈ ಪದಾ ನಾನ ನನ್ನ ಕೈಯಾರೆ ತಗೀತೀನಿ.”

ತಿಕೋಟಾದಲ್ಲಿ ಒಂದು ಸಂಜೆ ಬೀರದೇವರ ಗುಡಿಯ ಮುಂದೆ ಪರದೆ ಕಟ್ಟಿದರು. ಮುಂದಿನ ಸಾಲಿನಲ್ಲಿ ಅಮೋಘಿ, ಪಕ್ಕದಲ್ಲಿ ಹೆಂಡತಿ ಬೋರವ್ವ, ಆಕೆಯ ಮಗ್ಗುಲಿಗೆ ವಿದ್ಯಾವತಿ. ಪರದೆಯ ಅಮೋಘಿ ಪದ ಎತ್ತಿದ:

“ಕುರಿ ಕಾಯಾಂವನ್ನ ಕಾಯಾಂವ ಯಾರೋ…”

ಸಾಲು ಮುಗಿಯಿತು. ಸದ್ದಿಲ್ಲ. ಆ ಮುಖ ಎಲ್ಲರನ್ನೂ ನೋಡುತ್ತ ಕಾಯಿತು.

“ಮಿಶೀನ ಕೆಟ್ಟಿತೇನಲೇ?” ಹಿಂದಿನಿಂದ ಯಾರೋ ಅಂದರು. ಇನ್ಯಾರೋ ಕಿಸಕ್ಕೆಂದರು.

“ಸುಮ್ನ ಕುಂದ್ರಲೇ! ಮಾಮಾ ನಮ್ಮನ್ನ ನೋಡಾಕತ್ತಾನ,” ಮಾಳು ಗದರಿದ.

ಎರಡನೆಯ ಸಾಲು ಮುಗಿದು ಮುಖ ಮತ್ತೆ ಕಾಯತೊಡಗಿತು. ಮಾಳು ಎದ್ದು ನಿಂತು ಸಾಲನ್ನು ಎತ್ತಿಕೊಂಡ. ಪಕ್ಕದವರು ಕೂಡಿದರು. ಮೂರನೆಯದಕ್ಕೆ ಹೆಂಗಸರು, ಕಟ್ಟೆಯ ಮೇಲಿದ್ದವರು, ಇಡೀ ಅಂಗಳ. ಅವರ ದನಿ ಮುಗಿದಲ್ಲಿಗೆ ಪರದೆಯ ಅಮೋಘಿ ತಲೆದೂಗಿ ಮುಂದಿನ ಸಾಲು ಹಿಡಿದ, ಇವರೆಲ್ಲರ ಹಾಡು ಚಿತ್ರ ತೆಗೆದ ದಿನವೇ ಅವನಿಗೆ ಕೇಳಿಸಿತ್ತೋ ಎಂಬಂತೆ. ವಿದ್ಯಾವತಿಗೆ ಇದು ತನ್ನ ಕೈಯಿಂದ ಆದದ್ದಲ್ಲ ಅನ್ನಿಸಿತು.

ಬೋರವ್ವ ಆಕೆಯ ತೋಳು ಹಿಡಿದಳು. “ಇಲ್ಲಿ ನೋಡ ಬೇ, ಯವ್ವಾ.”

ಅಮೋಘಿಯ ತುಟಿಗಳು ಅಲುಗಾಡುತ್ತಿದ್ದವು. ಕೈ ಮೊಣಕಾಲಿನ ಮೇಲೆ ಡೊಳ್ಳಿನ ಪೆಟ್ಟು ಹಾಕುತ್ತಿತ್ತು. ಜೀವಮಾನವೆಲ್ಲ ಮುಂದೆ ನಿಂತು ಹಾಡಿದವನು ಇಂದು ದನಿಯಿಲ್ಲದೆ ಹಿಮ್ಮೇಳದಲ್ಲಿ ಕೂತಿದ್ದ.

ಚಿತ್ರ ಮುಗಿದು ಹೆಸರುಗಳು ಬಂದವು. ಯಾರೂ ಏಳಲಿಲ್ಲ, ಅಂಗಳದಲ್ಲಿ ಜನರ ಪದ ಇನ್ನೂ ನಡೆದಿತ್ತು. ವಿದ್ಯಾವತಿಯ ಹೆಸರೂ ಪರದೆಯ ಮೇಲೆ ಹಾದುಹೋಯಿತು. ಆಕೆಯೇ ನೋಡಲಿಲ್ಲ.